ಕಾವ್ಯದ ಕಟ್ಟೋಣ

ನಮ್ಮ ಕನ್ನಡದಲ್ಲಿ ಮನೆಯನ್ನೂ ಕಟ್ಟುತ್ತಾರೆ, ಹಾಡನ್ನೂ ಕಟ್ಟುತ್ತಾರೆ. ಕೆರೆಗೆ, ಬುತ್ತಿಗೆ, ಕತೆಗೆ ಎಲ್ಲಕ್ಕೂ ಅದೊಂದೇ ಕ್ರಿಯಾಪದ ಸಾಕಾಗಿದೆ. ಗ್ರಂಥದ ಮೊದಲಿಗೆ ಬರುವುದು ಪೀಠಿಕೆ. ಅದು ಮೂರ್ತಿಯ ಕೆಳಗಿನ ಪೀಠದ ಮಾತು. ಷಟ್ಪದಿ ಕಾವ್ಯದ ಭಾಗಕ್ಕೆ ಸಂಧಿಯೆಂದು ಹೆಸರು. ಸಂಧಿಯೆಂದರೆ ಎರಡು ತುಂಡುಗಳು ಕೂಡುವ ಎಡೆ. ಸಂಸ್ಕೃತ ನಾಟಕದ ಮೊದಲಲ್ಲಿ ರಂಗಕ್ಕೆ ಬಂದು ಮಾತನಾಡುವವನು ಸೂತ್ರಧಾರ. ನಮ್ಮ ಶಾಸನಗಳಲ್ಲಿ ಅದೇ ಹೆಸರಿನವನು ನೂಲು ಹಿಡಿದು ಗುಡಿಯ ಅಳತೆ ಹಾಕುವ ಶಿಲ್ಪಿ. ದೂರವೇಕೆ, ಪತ್ರಿಕೆಯ ಅಂಕಣವೆಂಬ ಮಾತನ್ನೇ ತೆಗೆದುಕೊಳ್ಳಿರಿ. ನಮ್ಮ ಸೀಮೆಯ ಹಳ್ಳಿಗಳಲ್ಲಿ ಅಂಕಣವೆಂದರೆ ಕಂಬಕ್ಕೂ ಕಂಬಕ್ಕೂ ನಡುವಿನ ಜಾಗ. ಇಷ್ಟು ಅಂಕಣದ ಮನೆಯೆಂದರೆ ಸಾಕು, ಒಕ್ಕಲಿನ ದೊಡ್ಡಸ್ತಿಕೆ ಎಷ್ಟೆಂಬುದು ಊರವರಿಗೆ ತಿಳಿಯುತ್ತಿತ್ತು.

ಹೀಗೆ ಗೌಂಡಿಯ ಮಾತು ಕವಿಯ ಮಾತಿನೊಳಗೆ ಬೆರೆತುಹೋಗಿರುವುದನ್ನು ಭಾಷೆಯ ವಿನೋದವೆಂದು ಬಿಟ್ಟುಬಿಡಬಹುದು. ಆದರೆ ಹೋಲಿಕೆಯನ್ನು ಒಪ್ಪಿಕೊಂಡವರು ಅದರ ಬೆನ್ನಿಗೆ ಬರುವ ಋಣವನ್ನೂ ಒಪ್ಪಬೇಕಾಗುತ್ತದೆ. ಕಟ್ಟಡಕ್ಕೆ ಮೊದಲೇ ನಕ್ಷೆ ಬೇಕು. ಹಣ ಕೊಡುವ ಯಜಮಾನ ಬೇಕು. ಕಲ್ಲು ಹೊರುವ ಆಳು ಬೇಕು. ಕಾವ್ಯವೂ ಒಂದು ಕಟ್ಟಡವಾದರೆ ಅದರ ನಕ್ಷೆ ಯಾರದು, ಹಣ ಯಾರದು, ಭಾರ ಯಾರ ಹೆಗಲ ಮೇಲೆ? ಇದಕ್ಕಿಂತಲೂ ಮೂಲದ ಪ್ರಶ್ನೆ ಇನ್ನೊಂದಿದೆ. ಇಂಥಲ್ಲಿ ಬಾಗಿಲು, ಇಂಥಲ್ಲಿ ಕಂಬ ಎಂದು ಮೊದಲೇ ಗೊತ್ತುಮಾಡಿಕೊಂಡು ಬರೆಯತೊಡಗುವವನು, ಬರೆಯುತ್ತ ಹೋದಂತೆ ತನಗೆ ಕಾಣುವ ಸತ್ಯಕ್ಕೆ ನಿಷ್ಠನಾಗಿ ಉಳಿಯಬಲ್ಲನೆ? ಮೇಲುನೋಟಕ್ಕೆ ಇದು ಸೌಂದರ್ಯಶಾಸ್ತ್ರದ ಪ್ರಶ್ನೆ. ವಿಚಾರಮಾಡಿದರೆ ಧರ್ಮದ ಪ್ರಶ್ನೆ.

ಯುರೋಪಿನ ಪುನರುಜ್ಜೀವನ ಕಾಲದ ಸಾಹಿತ್ಯವನ್ನು ಓದುವವರಿಗೆ ಈ ಪ್ರಶ್ನೆ ಎದುರಾಗದೆ ಇರದು. ಪ್ರಾಚೀನ ರೋಮಿನ ವಿಟ್ರೂವಿಯಸನು ಮನುಷ್ಯದೇಹದ ಅಂಗಪ್ರಮಾಣವೇ ದೇವಾಲಯದ ಪ್ರಮಾಣಕ್ಕೆ ಆಧಾರವೆಂದು ಹೇಳಿದ್ದನು. ಹದಿನೈದನೆಯ ಶತಮಾನದ ಇಟಲಿಯಲ್ಲಿ ಆಲ್ಬೆರ್ತಿ ಆ ವಿಚಾರವನ್ನು ಮತ್ತೆ ಕೈಗೆತ್ತಿಕೊಂಡು ವಾಸ್ತುವಿದ್ಯೆಯ ಮೇಲೆ ಗ್ರಂಥ ಬರೆದನು. ಅದು 1485ರಲ್ಲಿ ಅಚ್ಚಾಯಿತು. ಒಂದಂಶವನ್ನು ಕೂಡಿಸಿದರೂ ಕಳೆದರೂ ಕೆಡುವಂಥ ಹೊಂದಾಣಿಕೆಯೇ ಚೆಲುವೆಂಬುದು ಅವನ ಮತ. ಆಲ್ಬೆರ್ತಿ ಕಟ್ಟಡಗಳನ್ನು ಕಟ್ಟಿದವನು, ಸಂವಾದಗಳನ್ನು ಬರೆದವನು. ಎರಡು ಕೆಲಸಕ್ಕೂ ಅವನಲ್ಲಿದ್ದುದು ಒಂದೇ ಕಣ್ಣು. ಮುಂದೆ ಇಂಗ್ಲೆಂಡಿನಲ್ಲಿ ಸ್ಪೆನ್ಸರನು 1590ರಲ್ಲಿ ಪ್ರಕಟವಾದ ತನ್ನ ‘ಫೇರಿ ಕ್ವೀನ್’ ಕಾವ್ಯದ ಎರಡನೆಯ ಭಾಗದಲ್ಲಿ ಮನುಷ್ಯದೇಹವನ್ನೇ ಒಂದು ಕೋಟೆಮನೆಯಾಗಿ ಚಿತ್ರಿಸಿದನು. ಆಲ್ಮಾ ಎಂಬ ಒಡತಿ ಅದರೊಳಗೆ ಆಳುತ್ತಾಳೆ. ಜಾರ್ಜ್ ಹರ್ಬರ್ಟನ ಕವಿತೆಗಳು 1633ರಲ್ಲಿ ಹೊರಬಂದಾಗ ಪುಸ್ತಕದ ಹೆಸರೇ ‘ದೇವಾಲಯ’. ಓದುಗನು ಮೊದಲು ಮುಖಮಂಟಪವೆಂಬ ದೀರ್ಘ ಕವಿತೆಯಲ್ಲಿ ನಡೆನುಡಿಯ ಬುದ್ಧಿವಾದ ಕೇಳಿ, ಹೊಸ್ತಿಲು ದಾಟಿ, ಆಮೇಲೆ ಗುಡಿಯೊಳಗೆ ಕಾಲಿಡಬೇಕು.

ಇವರೆಲ್ಲರಲ್ಲಿ ನನಗೆ ಹೆಚ್ಚು ಪ್ರಿಯನಾದವನು ಬೆನ್ ಜಾನ್ಸನ್. ಅವನ ಮಲತಂದೆ ಇಟ್ಟಿಗೆಯ ಕೆಲಸದವನು. ಜಾನ್ಸನನೂ ಚಿಕ್ಕಂದಿನಲ್ಲಿ ಕರಣೆ ಹಿಡಿದು ಇಟ್ಟಿಗೆ ಇಟ್ಟವನೇ. ಅವನ ಸಾಹಿತ್ಯ ವಿಚಾರದ ಟಿಪ್ಪಣಿಗಳು ಅವನು ಸತ್ತಮೇಲೆ ಅಚ್ಚಾದುವು. ಆ ಪುಸ್ತಕಕ್ಕೆ ‘ಟಿಂಬರ್’, ಎಂದರೆ ತೊಲೆ ಜಂತಿಗಳ ಕಟ್ಟಿಗೆ, ಎಂದು ಹೆಸರು. ಮನೆ ಕಟ್ಟುವವನು ಮೊದಲು ಜಾಗವನ್ನು ಆಯ್ದು ಅದರ ಎಲ್ಲೆ ಗೊತ್ತುಮಾಡುವಂತೆ ಕವಿಯೂ ಕಥಾವಸ್ತುವಿನ ಎಲ್ಲೆಯನ್ನು ಗೊತ್ತುಮಾಡಬೇಕೆಂದು ಅಲ್ಲಿ ವಿವರಿಸುತ್ತಾನೆ. ಅರಮನೆಯ ವಿನೋದನಾಟಕಗಳಿಗೆ ಅವನು ಮಾತು ಬರೆದರೆ ಇನಿಗೊ ಜೋನ್ಸನೆಂಬ ವಾಸ್ತುಶಿಲ್ಪಿ ರಂಗಸಜ್ಜಿಕೆ ಕಟ್ಟುತ್ತಿದ್ದನು. ಕೃತಿಗೆ ಒಡೆಯನು ಮಾತಿನವನೋ ಮರಗೆಲಸದವನೋ ಎಂಬ ಜಗಳದಲ್ಲಿ ಇಬ್ಬರ ಸ್ನೇಹವೂ ಮುರಿಯಿತು. ಇದೇ ಜಾನ್ಸನನು ಪೆನ್ಸ್‌ಹರ್ಸ್ಟ್ ಎಂಬ ಹಳೆಯ ಮನೆತನದ ನಿವಾಸದ ಮೇಲೆ ಒಂದು ಕವಿತೆ ಬರೆದಿದ್ದಾನೆ. ಆ ಮನೆ ಆಡಂಬರಕ್ಕಾಗಿ ಎಬ್ಬಿಸಿದ್ದಲ್ಲ, ಅದರ ಗೋಡೆಗಳಿಗಾಗಿ ಬಡವರು ನೊಂದಿಲ್ಲ ಎಂಬುದು ಅವನ ಹೊಗಳಿಕೆಯ ಹುರುಳು. ಇಟ್ಟಿಗೆ ಹೊತ್ತವನಿಗಲ್ಲದೆ ಇನ್ನಾರಿಗೆ ಗೋಡೆಯ ಮುಂದೆ ನಿಂತು ಈ ಪ್ರಶ್ನೆ ಹೊಳೆದೀತು? ಆದರೂ ಅದು ಒಡೆಯನ ಊಟದ ಪಂಕ್ತಿಯಲ್ಲಿ ಕುಳಿತು ಮಾಡಿದ ಹೊಗಳಿಕೆ ಎಂಬುದನ್ನು ಮರೆಯಲಾಗದು. ಹೊಗಳಿಕೆ ನಿಜವೆ ಎಂದು ಕಲ್ಲು ಹೊತ್ತವರನ್ನು ಯಾರೂ ಕೇಳಿದಂತಿಲ್ಲ.

ಇನ್ನು ನಮ್ಮ ಮನೆಯ ಕಡೆಗೆ ಬರೋಣ. ಜಾನ್ಸನನಿಗಿಂತ ನಾಲ್ಕು ಶತಮಾನ ಮೊದಲು ಬೆಳಗಾವಿ ವೇಣುಗ್ರಾಮವೆಂಬ ಹೆಸರಿನಿಂದ ರಟ್ಟರ ರಾಜಧಾನಿಯಾಗಿತ್ತು. ನಾಲ್ಕನೆಯ ಕಾರ್ತವೀರ್ಯನ ಮಂತ್ರಿ ಬೀಚಿರಾಜನು 1204ರ ಹೊತ್ತಿಗೆ ಕಟ್ಟಿಸಿದ ಬಸದಿ ಇಂದಿಗೂ ಕೋಟೆಯೊಳಗೆ ನಿಂತಿದೆ. ನಾವು ಕಮಲ ಬಸದಿಯೆನ್ನುತ್ತೇವೆ. ಅದರ ಮುಖಮಂಟಪದ ಮಾಳಿಗೆಯಿಂದ ಕೆಳಮುಖವಾಗಿ ಅರಳಿದ ಕಲ್ಲಿನ ತಾವರೆಯನ್ನು ನೋಡಲು ಜನ ಕತ್ತೆತ್ತಿ ನಿಲ್ಲುತ್ತಾರೆ. 72 ಎಸಳುಗಳು. ಹಿಂದೆ ಆಗಿಹೋದ, ಈಗಿನ, ಮುಂದೆ ಆಗಲಿರುವ ಇಪ್ಪತ್ತನಾಲ್ಕು ಇಪ್ಪತ್ತನಾಲ್ಕು ತೀರ್ಥಂಕರರ ಲೆಕ್ಕ ಅದು. ಎಸಳೊಂದು ಹೆಚ್ಚಾಗುವಂತಿಲ್ಲ, ಕಡಿಮೆಯಾಗುವಂತಿಲ್ಲ. ಆಲ್ಬೆರ್ತಿ ನೋಡಿದ್ದರೆ ತಲೆದೂಗುತ್ತಿದ್ದನು. ಆದರೆ ಇಲ್ಲಿಯ ಲೆಕ್ಕ ಕಣ್ಣಿನ ಸೊಗಸಿಗಾಗಿ ಹುಟ್ಟಿದ್ದಲ್ಲ, ಕಾಲವೆಂಬುದನ್ನು ಕುರಿತ ಒಂದು ನಂಬಿಕೆಯಿಂದ ಹುಟ್ಟಿದ್ದು. ತಾವರೆಯ ಕೆಳಗಿನಿಂದ ಒಳಗೆ ಹೋದರೆ ತಿರುಗಣಿ ಹಿಡಿದು ನುಣುಪಾಗಿಸಿದ ಕಂಬಗಳ ನವರಂಗ. ಅದರಾಚೆ ನೇಮಿನಾಥನ ಗರ್ಭಗೃಹ. ಹೆಜ್ಜೆಹೆಜ್ಜೆಗೆ ಬೆಳಕು ಕಡಿಮೆಯಾಗುತ್ತ, ಮಾತು ತಾನಾಗಿ ತಗ್ಗುತ್ತ ಹೋಗುತ್ತದೆ.

ಅದೇ ಕಾರ್ತವೀರ್ಯನ ಆಸ್ಥಾನದಲ್ಲಿದ್ದ ಪಾರ್ಶ್ವಪಂಡಿತನು 1222ರಲ್ಲಿ ‘ಪಾರ್ಶ್ವನಾಥ ಪುರಾಣ’ವನ್ನು ಬರೆದನು. ಬಸದಿಗೂ ಪುರಾಣಕ್ಕೂ ನಡುವೆ ಹದಿನೆಂಟೇ ವರ್ಷ. ಒಂದೇ ಅರಸುಮನೆಯ ನೆರಳು. ನಮ್ಮ ಸಾಹಿತ್ಯ ಚರಿತ್ರೆಯಲ್ಲಿ ಈ ಚಂಪೂವಿಗೆ ಸಿಗುವುದು ಕೆಲವು ಸಾಲುಗಳು ಮಾತ್ರ. ಜೈನಪುರಾಣಗಳೆಲ್ಲ ಒಂದೇ ಅಚ್ಚಿನವು, ಒಂದನ್ನೋದಿದರೆ ಸಾಕು ಎಂದು ಮೂಗುಮುರಿಯುವ ವಾಡಿಕೆ ಅಧ್ಯಾಪಕರಲ್ಲಿಯೂ ಉಂಟು. ಒಂದೇ ಅಚ್ಚಿನವೆಂಬುದು ಸರಿ. ಮೊದಲು ಭವಾವಳಿ, ಆಮೇಲೆ ಗರ್ಭಾವತರಣದಿಂದ ನಿರ್ವಾಣದವರೆಗೆ ಪಂಚಕಲ್ಯಾಣ, ನಡುನಡುವೆ ಸೂರ್ಯೋದಯದಿಂದ ಹಿಡಿದು ಯುದ್ಧದವರೆಗೆ ಹದಿನೆಂಟು ವರ್ಣನೆಗಳು. ಬಸದಿಗೆ ಮುಖಮಂಟಪ, ನವರಂಗ, ಗರ್ಭಗೃಹಗಳಿದ್ದಂತೆ ಪುರಾಣಕ್ಕೆ ಇವು. ತಾನೆಲ್ಲಿದ್ದೇನೆಂಬುದು ಕೇಳುಗನಿಗೆ ಸದಾ ತಿಳಿದಿರುತ್ತದೆ.

ಆದರೆ ಪಾರ್ಶ್ವನಾಥನ ಕತೆಯಲ್ಲಿ ಈ ಅಚ್ಚು ಏನು ಮಾಡುತ್ತದೆಂಬುದನ್ನು ಕೊಂಚ ನಿಂತು ನೋಡಬೇಕು. ಮರುಭೂತಿ, ಕಮಠ ಎಂಬ ಇಬ್ಬರು ಅಣ್ಣತಮ್ಮಂದಿರು. ಅಣ್ಣ ಕಮಠನು ತಪ್ಪು ಮಾಡಿ ಊರಿನಿಂದ ಹೊರಬೀಳುತ್ತಾನೆ. ಕ್ಷಮೆ ಬೇಡಲೆಂದು ಹೋದ ತಮ್ಮನನ್ನೇ ಕೊಲ್ಲುತ್ತಾನೆ. ತಮ್ಮನು ಆನೆಯಾಗಿ ಹುಟ್ಟಿದರೆ ಅಣ್ಣನು ಹಾವಾಗಿ ಹುಟ್ಟಿ ಕಚ್ಚುತ್ತಾನೆ. ಹೀಗೆ ಹತ್ತು ಭವಗಳು. ಒಬ್ಬನಲ್ಲಿ ಶಾಂತಿ ಮಾಗುತ್ತ ಬಂದರೆ ಇನ್ನೊಬ್ಬನಲ್ಲಿ ಹಗೆ ಮಾಗುತ್ತ ಬರುತ್ತದೆ. ಕೊನೆಗೆ ಪಾರ್ಶ್ವನಾಥನ ತಪಸ್ಸಿನ ಮೇಲೆ ಮಳೆಗಲ್ಲು ಸುರಿಸಿ ಸೋತಮೇಲೆ ಆ ಹಗೆ ಬತ್ತುತ್ತದೆ. ಒಂದು ಕ್ಷಣದ ಕೋಪ ಆರಲು ಹತ್ತು ಜನ್ಮ ಬೇಕೆಂಬ ಮಾತನ್ನು ಒಂದು ಕಂದಪದ್ಯದಲ್ಲಿ ಹೇಳಬಹುದು. ಕೇಳಿದವನು ಹೌದೆಂದು ಎದ್ದುಹೋಗುತ್ತಾನೆ. ಭವದಿಂದ ಭವಕ್ಕೆ, ಅಂಕಣದಿಂದ ಅಂಕಣಕ್ಕೆ ನಡೆಸಿಕೊಂಡು ಹೋಗಿ, ಮತ್ತೆ ಅದೇ ಹಗೆಯನ್ನು ಹೊಸ ಮೈಯಲ್ಲಿ ತೋರಿಸಿ, ದಣಿಸಿ, ಬೇಸರ ಹಿಡಿಸಿ ಹೇಳಿದರೆ ಮಾತ್ರ ಅದರ ಭಾರ ಹೆಗಲಿಗೆ ಬರುತ್ತದೆ. ಇಲ್ಲಿ ನಕ್ಷೆಯೇ ನೀತಿ. ಅಚ್ಚು ಹಳೆಯದೆಂದು ದೂರುವವರು, ಕವಿಯು ತನ್ನ ಜಾಣತನವನ್ನು ಬದಿಗಿಟ್ಟು ತನಗಿಂತ ಹಿರಿದಾದ ಅಳತೆಗೆ ತಲೆಬಾಗಿದನೆಂಬುದನ್ನೂ ಗಮನಿಸಬೇಕು.

ಗುಡಿ ಕಟ್ಟಿಸುವುದೂ ಕಾವ್ಯ ಮಾಡಿಸುವುದೂ ಆ ಕಾಲದವರಿಗೆ ಒಂದೇ ಪುಣ್ಯದ ಎರಡು ಮುಖಗಳಾಗಿದ್ದುವು. ರನ್ನನಿಂದ 993ರಲ್ಲಿ ‘ಅಜಿತಪುರಾಣ’ ಮಾಡಿಸಿದ ಅತ್ತಿಮಬ್ಬೆಯೇ ಲಕ್ಕುಂಡಿಯಲ್ಲಿ 1007ರ ಸುಮಾರಿಗೆ ಬಸದಿ ಕಟ್ಟಿಸಿದಳು. ಪೊನ್ನನ ‘ಶಾಂತಿಪುರಾಣ’ದ ಸಾವಿರ ಪ್ರತಿಗಳನ್ನೂ ಬರೆಯಿಸಿ ಹಂಚಿದಳು. ಜನ್ನನು ಇನ್ನೂ ಮುಂದೆ ಹೋದನು. ಕವಿಯೇ ಕಟ್ಟಿಸುವವನೂ ಆದನು. ದೋರಸಮುದ್ರದ ವಿಜಯಪಾರ್ಶ್ವ ಜಿನೇಶ್ವರನ ಗುಡಿಗೆ ದ್ವಾರ ಮಾಡಿಸಿದನು. ಅನಂತನಾಥನಿಗೆ ಬಸದಿ ಕಟ್ಟಿಸಿದನು. ಅದೇ ಅನಂತನಾಥನ ಪುರಾಣವನ್ನು 1230ರಲ್ಲಿ ಮುಗಿಸಿದನು. ಒಬ್ಬ ಜಿನನಿಗೆ ಕಲ್ಲಿನ ಮನೆ ಒಂದು, ಮಾತಿನ ಮನೆ ಒಂದು.

ಇಷ್ಟು ನಕ್ಷೆಯ ಪರವಾಗಿ. ಈಗ ಅದರ ಮೇಲಿನ ದೂರನ್ನೂ ಕೇಳಬೇಕು.

ಶಾಲೆಯಲ್ಲಿ ಮಕ್ಕಳಿಗೆ ಪೀಠಿಕೆ, ವಿಷಯ ನಿರೂಪಣೆ, ಉಪಸಂಹಾರವೆಂದು ಮೂರು ಮನೆ ಹಾಕಿಕೊಟ್ಟು ಪ್ರಬಂಧ ಬರೆಯಿಸುತ್ತೇವೆ. ಹೇಳಬೇಕಾದ್ದು ಇನ್ನೂ ತಲೆಗೆ ಬಾರದಿದ್ದರೂ ಉಪಸಂಹಾರ ಸಿದ್ಧವಾಗಿರುತ್ತದೆ. ಕಾಲೇಜಿಗೆ ಬಂದ ಮೇಲೂ ಈ ಚಾಳಿ ಬಿಡುವುದಿಲ್ಲ; ಸಂಶೋಧನ ಪ್ರಬಂಧಗಳಲ್ಲಿಯೂ ಮನೆ ಮೊದಲು, ಒಕ್ಕಲು ಆಮೇಲೆ. ಮಕ್ಕಳ ಬರವಣಿಗೆಯಲ್ಲಿ ಇದರಿಂದ ಯಾರಿಗೂ ಕೇಡಿಲ್ಲ. ಮಹಾಕವಿಯ ಕೈಯಲ್ಲಿ ಇದೇ ಸಂಕಟ ದೊಡ್ಡದಾಗುತ್ತದೆ. 941ರಲ್ಲಿ ಪಂಪನು ‘ವಿಕ್ರಮಾರ್ಜುನ ವಿಜಯ’ಕ್ಕೆ ಕೈಹಾಕಿದಾಗ ನಕ್ಷೆಯನ್ನು ಗೊತ್ತುಮಾಡಿದ್ದು ವ್ಯಾಸನೊಬ್ಬನೇ ಅಲ್ಲ, ಆಶ್ರಯದಾತ ಅರಿಕೇಸರಿಯೂ ಹೌದು. ಅರಿಕೇಸರಿಯೇ ಅರ್ಜುನನಾಗಬೇಕು. ಆದಕಾರಣ ದ್ರೌಪದಿ ಅರ್ಜುನನೊಬ್ಬನಿಗೇ ಹೆಂಡತಿ. ಕೊನೆಯ ಪಟ್ಟಾಭಿಷೇಕವೂ ಅರ್ಜುನ ಸುಭದ್ರೆಯರಿಗೇ. ಒಂದು ಕಂಬ ಸರಿಸಿದರೆ ಮೇಲಿನ ತೊಲೆಯೂ ಸರಿಯಬೇಕು. ಹದಿನಾಲ್ಕು ಆಶ್ವಾಸಗಳ ಉದ್ದಕ್ಕೂ ಪಂಪನು ಎಷ್ಟು ಕೌಶಲದಿಂದ ಆ ಭಾರವನ್ನು ಹಂಚುತ್ತಾನೆಂಬುದನ್ನು ಪಾಠ ಹೇಳುವವರೆಲ್ಲ ಬಲ್ಲರು. ಆದರೂ ಒಂದು ಕಡೆ ಗೋಡೆ ಬಿರುಕುಬಿಟ್ಟಿದೆ. ಆ ಬಿರುಕಿನ ಹೆಸರು ಕರ್ಣ. ಅರ್ಜುನನಿಗಾಗಿ ಎತ್ತಿದ ಕಟ್ಟಡದಲ್ಲಿ, ಭಾರತದಲ್ಲಿ ಯಾರನ್ನಾದರೂ ನೆನೆಯುವುದಾದರೆ ಕರ್ಣನನ್ನು ನೆನೆಯಿರಿ ಎಂಬರ್ಥದ ಮಾತನ್ನು ಕವಿ ತಾನೇ ಆಡಿಬಿಡುತ್ತಾನೆ. ಅನ್ನವಿಕ್ಕಿದ ಒಡೆಯನಿಗೆ ಪ್ರಾಣ ಕೊಟ್ಟವನನ್ನು ಕುರಿತು, ಒಡೆಯನ ಅನ್ನ ಉಣ್ಣುತ್ತಿದ್ದ ಕವಿ ಆಡಿದ ಮಾತು ಅದು. ಪಂಪನು ನಕ್ಷೆಯನ್ನು ಮುರಿಯಲಿಲ್ಲ. ಮುಚ್ಚಿ ಗಿಲಾವು ಮಾಡಬಹುದಾಗಿದ್ದ ಬಿರುಕನ್ನು ಮುಚ್ಚಲಿಲ್ಲ, ಅಷ್ಟೆ. ನನ್ನ ಮಟ್ಟಿಗೆ ಅವನ ಸತ್ಯನಿಷ್ಠೆ ಇರುವುದು ಅಲ್ಲಿ.

ರನ್ನನ ‘ಗದಾಯುದ್ಧ’ದ ಮಾತನ್ನು ಹೇಳುವ ಮುನ್ನ ವಾಚಕರನ್ನು ಖಾನಾಪುರ ತಾಲೂಕಿನ ಹಲಸಿಗೆ ಕರೆದೊಯ್ಯಬೇಕಾಗಿದೆ. ಹಲಸಿ ಹಳೆಯ ಪಲಾಶಿಕೆ. ಬನವಾಸಿಯ ಕದಂಬರ ಮೃಗೇಶವರ್ಮನು ತಂದೆಯ ನೆನಪಿಗಾಗಿ ಐದನೆಯ ಶತಮಾನದಲ್ಲಿಯೇ ಜಿನಾಲಯ ಕಟ್ಟಿಸಿದ ಊರು. ಈಗ ಅಲ್ಲಿ ಹೆಸರಾಗಿರುವುದು ಗೋವೆಯ ಕದಂಬರ ಕಾಲದ ಭೂವರಾಹ ನರಸಿಂಹನ ಗುಡಿ. ಸಾಮಾನ್ಯವಾಗಿ ಗುಡಿಯೆಂದರೆ ಒಂದು ಬಾಗಿಲಿನಿಂದ ಹೊಕ್ಕು ಒಬ್ಬ ದೇವರ ಎದುರಿಗೆ ನಿಲ್ಲುವುದು. ಹಲಸಿಯಲ್ಲಿ ಎರಡು ಗರ್ಭಗೃಹಗಳು ಎದುರುಬದುರಾಗಿವೆ. 1169ರ ಹೊತ್ತಿಗೆ ನರಸಿಂಹನ ಪ್ರತಿಷ್ಠೆಯಾಗಿತ್ತು. ಮುಂದೆ 1186–87ರಲ್ಲಿ, ವಿಜಯಾದಿತ್ಯನ ಕಾಲದಲ್ಲಿ, ಅದರ ಎದುರಿಗೆ ಭೂವರಾಹನನ್ನು ನಿಲ್ಲಿಸಿದರು. ನಡುವೆ ನಿಂತ ಭಕ್ತನ ಸ್ಥಿತಿ ವಿಚಿತ್ರವಾದದ್ದು. ಒಬ್ಬ ದೇವರಿಗೆ ಕೈಮುಗಿಯಬೇಕಾದರೆ ಇನ್ನೊಬ್ಬನಿಗೆ ಬೆನ್ನು ತಿರುಗಿಸಬೇಕು. ಜನ ಅದಕ್ಕೆ ಹೊಂದಿಕೊಂಡುಬಿಟ್ಟಿದ್ದಾರೆ. ಅತ್ತ ಒಮ್ಮೆ, ಇತ್ತ ಒಮ್ಮೆ ತಿರುಗುತ್ತಾರೆ. ಕನ್ನಡ ಮರಾಠಿಗಳೆರಡನ್ನೂ ಮನೆಮಾತಾಗಿ ಉಳ್ಳ ನಮ್ಮ ಗಡಿಯ ತಾಲೂಕಿಗೆ ಈ ಗುಡಿ ಒಪ್ಪುವಂಥದೇ. ಎರಡು ಭಾಷೆಯವರೂ ಅದೇ ಮಂಟಪದಲ್ಲಿ ತಿರುಗಿ ನಿಲ್ಲುತ್ತಾರೆ. ಇರಲಿ, ಅದು ಬೇರೆ ಮಾತು.

ರನ್ನನು ಹಲಸಿಯ ಗುಡಿಗಿಂತ ಹೆಚ್ಚು ಕಡಿಮೆ ಇನ್ನೂರು ವರ್ಷ ಹಿಂದಿನವನು. ಒಂದರಿಂದ ಇನ್ನೊಂದು ಹುಟ್ಟಿತೆಂದು ನಾನು ಹೇಳುತ್ತಿಲ್ಲ. ಆದರೆ ‘ಗದಾಯುದ್ಧ’ದ ಒಳಗೆ ನಿಂತಾಗ ಹಲಸಿಯಲ್ಲಿ ನಿಂತಂತಾಗುತ್ತದೆ. ಕಾವ್ಯದ ನಾಯಕ ಭೀಮ. ಚಾಲುಕ್ಯ ಸತ್ಯಾಶ್ರಯನೇ ಆ ಭೀಮ. ಒಂದು ದಿನದ ಯುದ್ಧದ ಸುತ್ತ ಇಡೀ ಭಾರತವನ್ನು ಹಿಂದಿರುಗಿ ನೋಡುವ ಸಿಂಹಾವಲೋಕನ ಕ್ರಮವಂತೂ ಒಂದು ಗರ್ಭಗೃಹದ ಹೊರಭಿತ್ತಿಯ ತುಂಬ ಹಳೆಯ ಕತೆಗಳನ್ನು ಕೆತ್ತಿದಂತೆಯೇ ಇದೆ. ಇಷ್ಟಾದಮೇಲೆ ರನ್ನನು ಭೀಮನ ಎದುರಿಗೆ ದುರ್ಯೋಧನನಿಗೂ ಒಂದು ಗರ್ಭಗೃಹ ಕಟ್ಟಿದನು. ರಣರಂಗದಲ್ಲಿ ಹೆಣಗಳ ನಡುವೆ ನಡೆದುಹೋಗುವ, ತಮ್ಮನ ಹೆಣದ ಮುಂದೆ, ಕರ್ಣನ ಹೆಣದ ಮುಂದೆ ನಿಂತು ಅಳುವ ಆ ಅರಸನನ್ನು ನೋಡುತ್ತ ನಾವು ಭೀಮನಿಗೆ ಬೆನ್ನು ತಿರುಗಿಸಿರುತ್ತೇವೆ. ಬಿ. ಎಂ. ಶ್ರೀಯವರು ಇದರಲ್ಲಿ ರುದ್ರನಾಟಕವನ್ನು ಕಂಡು 1926ರಲ್ಲಿ ‘ಗದಾಯುದ್ಧ ನಾಟಕಂ’ ಹೊರತಂದರು. ಅವರು ಗ್ರೀಕರ ಕಣ್ಣಿನಿಂದ ನೋಡಿದರು. ನಮ್ಮವರೇ ಕಟ್ಟಿದ ಇಂಥ ಗುಡಿಯ ಕಣ್ಣಿನಿಂದಲೂ ನೋಡಬಹುದೆಂದು ನನ್ನ ನಮ್ರ ಸೂಚನೆ. ಗ್ರೀಕರ ರುದ್ರನಾಟಕದಲ್ಲಿ ಒಬ್ಬ ನಾಯಕ ಬೀಳುತ್ತಾನೆ. ಇಲ್ಲಿ ಇಬ್ಬರಿಗೂ ದೀಪ ಹಚ್ಚಬೇಕು.

ಇಷ್ಟರವರೆಗೆ ಹೇಳಿದ್ದೆಲ್ಲ ನಕ್ಷೆಯನ್ನು ಒಪ್ಪಿಕೊಂಡವರ ಕತೆ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ನಕ್ಷೆಯನ್ನೇ ಕೇಳಿದವರು ಬಂದರು. ಉಳ್ಳವರ ಶಿವಾಲಯವನ್ನು ಕುರಿತ ಬಸವಣ್ಣನವರ ವಚನ ಎಲ್ಲರ ಬಾಯಲ್ಲಿದೆ. ಇಲ್ಲಿ ಎತ್ತಿ ಬರೆಯುವ ಅಗತ್ಯವಿಲ್ಲ. ಬಡವನು ಏನು ಮಾಡಬೇಕೆಂಬ ಪ್ರಶ್ನೆಗೆ ತನ್ನ ಮೈಯನ್ನೇ ದೇಗುಲ ಮಾಡಿಕೊಂಡು ಉತ್ತರ ಕೊಡುವ ವಚನ ಅದು. ಅದನ್ನು ಅಪೂರ್ವ ರೂಪಕವೆಂದು ಹೊಗಳುವವರು ಒಂದು ಸಂಗತಿಯನ್ನು ಮರೆಯುತ್ತಾರೆ. ರೂಪಕ ಹೊಸದಲ್ಲ. ನಮ್ಮ ವಾಸ್ತುಶಾಸ್ತ್ರವೇ ಗುಡಿಯ ಭಾಗಗಳಿಗೆ ಮೈಯ ಹೆಸರಿಟ್ಟಿತ್ತು. ಕಂಬಕ್ಕೆ ಪಾದ, ಅದರ ಮೇಲೆ ಗ್ರೀವ, ಅದರ ಮೇಲೆ ತಲೆಯಾಗಿ ಶಿಖರ. ಮುಂಚಾಚಿಗೆ ಶುಕನಾಸಿ, ಎಂದರೆ ಗಿಳಿಯ ಮೂಗು. ಗುಡಿಯು ಮನುಷ್ಯನ ಮೈಯಿಂದ ಹೆಸರುಗಳನ್ನು ಕಡ ತಂದಿತ್ತು. ಬಸವಣ್ಣನವರು ಮ್ಯಾಲಿನ ಲೆಕ್ಕವನ್ನೆಲ್ಲ ತೀರಿಸಿ ಕಡವನ್ನು ಒಡೆಯನಿಗೆ ಮರಳಿಸಿದರು. ಸ್ಪೆನ್ಸರನ ಕೋಟೆಮನೆಯೊಡನೆ ಇದನ್ನು ಹೋಲಿಸಿ ನೋಡಿರಿ. ಅಲ್ಲಿಯೂ ಮೈಯೇ ಮನೆ. ಆದರೆ ಅದು ಕುಲೀನರ ಮನೆ, ಆಳುಕಾಳುಗಳು ಉಳ್ಳದ್ದು, ಶತ್ರುಗಳ ಮುತ್ತಿಗೆಯಿಂದ ಕಾಯಬೇಕಾದದ್ದು. ಇಲ್ಲಿಯ ದೇಗುಲಕ್ಕೆ ಕಾವಲಿಲ್ಲ, ಅದು ನಡೆದಾಡುತ್ತದೆ. ಜಾನ್ಸನನು ಒಡೆಯನ ಗೋಡೆಯನ್ನು ನಿರಪರಾಧಿಯೆಂದು ಸಾರಿ ತೃಪ್ತನಾದನು. ಬಸವಣ್ಣನವರು ಗೋಡೆಯನ್ನೇ ಬೇಡವೆಂದರು.

ಆದುದರಿಂದಲೇ ವಚನಕ್ಕೆ ಆಶ್ವಾಸವಿಲ್ಲ, ಸಂಧಿಯಿಲ್ಲ, ಹದಿನೆಂಟು ವರ್ಣನೆಗಳಿಲ್ಲ. ಕೊನೆಗೆ ಅಂಕಿತವೊಂದಿದ್ದರೆ ಆಯಿತು. ಹಾಗೆಂದು ವಚನಕಾರನು ಅಳತೆಯಿಂದ ಪಾರಾದನೆಂದು ತಿಳಿಯಬಾರದು. ಗೌಂಡಿಯು ಗೋಡೆಗೆ ಇಳಿಬಿಡುವ ಓಳಂಬವನ್ನು ಇವರು ತಮ್ಮ ನಡೆಗೇ ಇಳಿಬಿಟ್ಟುಕೊಂಡರು. ಮಾತು ನೆಟ್ಟಗಿದ್ದು ನಡೆ ಸೊಟ್ಟಗಿದ್ದರೆ ಆ ವಚನ ಕುಸಿಯಿತು. ಪುರಾಣದ ಕವಿಗೆ ಈ ಕಷ್ಟವಿರಲಿಲ್ಲ. ಅವನ ಬಾಳು ಹೇಗಿದ್ದರೂ ಬಸದಿ ನಿಲ್ಲುತ್ತಿತ್ತು.

ಆದರೆ ಮುಂದೆ ಆದದ್ದೇನು? ಹದಿನೈದನೆಯ ಶತಮಾನಕ್ಕೆ ಬರುವ ಹೊತ್ತಿಗೆ ಶಿವಗಣಪ್ರಸಾದಿ ಮಹದೇವಯ್ಯನು ಬಿಡಿಬಿಡಿಯಾಗಿದ್ದ ವಚನಗಳನ್ನು ಸಂವಾದಗಳಾಗಿ ಜೋಡಿಸಿ ‘ಶೂನ್ಯಸಂಪಾದನೆ’ಯನ್ನು ಕಟ್ಟಿದನು. ಅವನ ಬಳಿಕ ಮತ್ತೆ ಮೂವರು ಅದೇ ಕೆಲಸ ಮಾಡಿದರು. ಗುಡಿ ಬೇಡವೆಂದವರ ಮಾತುಗಳಿಂದಲೇ ಗುಡಿ. ಇದನ್ನು ದ್ರೋಹವೆನ್ನೋಣವೆ? ನನಗೆ ಹಾಗೆನ್ನಲು ಮನಸ್ಸು ಬಾರದು. ಅಲ್ಲಮನ ಕತೆಯಲ್ಲಿ ಅರ್ಥಪೂರ್ಣವಾದ ಒಂದು ಸನ್ನಿವೇಶವಿದೆ. ಗೊಗ್ಗಯ್ಯನ ತೋಟದ ನೆಲದಲ್ಲಿ ಅಲ್ಲಮನಿಗೆ ಒಂದು ಕಳಶದ ತುದಿ ಕಾಣುತ್ತದೆ. ಅಗೆಯಿಸಿ ನೋಡಿದರೆ ಕೆಳಗೆ ಹೂತುಹೋದ ದೇಗುಲ. ಬಾಗಿಲು ತೆರೆದರೆ ಒಳಗೆ ಅನಿಮಿಷಯ್ಯ ಕುಳಿತಿದ್ದಾನೆ. ಬೇರೆಲ್ಲ ಗುಡಿಗಳು ಪಾಯದಿಂದ ಕಳಶಕ್ಕೆ ಏರಿದರೆ ಇದೊಂದು ಕಳಶದಿಂದ ಪಾಯಕ್ಕೆ ಇಳಿಯುತ್ತದೆ. ‘ಶೂನ್ಯಸಂಪಾದನೆ’ಯ ನಕ್ಷೆಯೂ ಇಂಥದೇ ಎನ್ನಬಹುದು. ಅದರ ನಡುವೆ ಬಸವಣ್ಣನು ಅಲ್ಲಮನಿಗಾಗಿ ಸಿಂಹಾಸನವನ್ನು ಸಿದ್ಧಪಡಿಸುತ್ತಾನೆ. ಅದಕ್ಕೆ ಹೆಸರು ಶೂನ್ಯ ಸಿಂಹಾಸನ. ಕಟ್ಟಿದ್ದು ನಿಜ, ಒಳಗಿರುವುದು ಬಯಲು.

ಇದಕ್ಕೆ ಹೋಲಿಸಿದರೆ ಕುಮಾರವ್ಯಾಸನಿಗೆ ಆದದ್ದು ಹೆಚ್ಚು ಅನ್ಯಾಯ. ಅವನು ಗದುಗಿನ ವೀರನಾರಾಯಣನ ಗುಡಿಯ ಕಂಬಕ್ಕೊರಗಿ ಬರೆದನೆಂಬ ಪ್ರತೀತಿಯಿದೆ. ಬೆನ್ನಿಗೆ ಗುಡಿಯಿದ್ದರೂ ಕಾವ್ಯ ಹರಿದದ್ದು ಹೊಳೆಯಂತೆ. ಗದಾಪರ್ವಕ್ಕೆ ಹತ್ತನೆಯ ಪರ್ವ ಮುಗಿಯಿತು, ಅವನೂ ನಿಲ್ಲಿಸಿದನು. ಭಾರತಕ್ಕೆ ಪರ್ವ ಹದಿನೆಂಟು. ಕಳಶವಿಲ್ಲದ ಗುಡಿ ಅರಸರಿಗೆ ಸೇರುವುದೆ? ವಿಜಯನಗರದ ಕೃಷ್ಣದೇವರಾಯನು ತಿಮ್ಮಣ್ಣಕವಿಯಿಂದ ಉಳಿದ ಪರ್ವಗಳನ್ನು ಬರೆಯಿಸಿದನು. ತಿಮ್ಮಣ್ಣ ಒಳ್ಳೆಯ ಕವಿಯೇ. ಆದರೆ ಗಮಕಿಗಳು ಇಂದಿಗೂ ಮನೆಮನೆಗೆ ಒಯ್ಯುವುದು ಗದುಗಿನ ಭಾರತವನ್ನು. ಪೂರ್ಣತೆಯೆಂಬುದು ಕವಿಗೆ ಬೇಕಾಗಿತ್ತೋ ಸಿಂಹಾಸನಕ್ಕೆ ಬೇಕಾಗಿತ್ತೋ ಎಂಬುದನ್ನು ಇಲ್ಲಿ ವಿಚಾರಿಸಬಹುದು. ನಂದಗಡದ ಸಂಗೊಳ್ಳಿ ರಾಯಣ್ಣನ ಸಮಾಧಿಯನ್ನು ನೋಡಿದವರು ಇದನ್ನು ಸುಲಭವಾಗಿ ತಿಳಿಯಬಲ್ಲರು. 1831ರಲ್ಲಿ ಅವನನ್ನು ನೇಣುಹಾಕಿದ ಮೇಲೆ ಅವನ ಕತೆಯನ್ನು ಲಾವಣಿಯವರು ಕಟ್ಟಿದರು, ಗೀಗೀ ಪದದವರು ಕಟ್ಟಿದರು. ಒಬ್ಬರ ಪಲ್ಲ ಇನ್ನೊಬ್ಬರಿಗೆ ಒಪ್ಪದಿದ್ದರೆ ಬೇರೆ ಕಟ್ಟಿದರು. ನೆರೆಯ ಮರಾಠಿಯವರು ಪೋವಾಡದ ಒಂದೊಂದು ಭಾಗವನ್ನು ಚೌಕವೆನ್ನುತ್ತಾರೆ. ಅದೂ ಅಂಗಳದ ಮಾತೇ. ಅಂಗಳಕ್ಕೆ ಯಜಮಾನನಿದ್ದರೂ ಬಂದು ಕೂಡುವವರನ್ನು ಯಾರೂ ತಡೆಯುವುದಿಲ್ಲ.

ಹಾಗಾದರೆ ಕಟ್ಟಬೇಕೋ ಬೇಡವೋ? ಉಳಿದುಬಂದದ್ದು ಯಾವುದು, ಹೇಗೆ ಎಂದು ನೋಡಿದರೆ ಪ್ರಶ್ನೆ ಇನ್ನೂ ತೊಡಕಾಗುತ್ತದೆ. ಕಮಲ ಬಸದಿಗೆ ಬಿಟ್ಟ ದತ್ತಿಗಳ ಶಾಸನಗಳನ್ನು ಪದ್ಯಗಳಲ್ಲಿ ಬರೆದವನು ಬಾಲಚಂದ್ರ ಕವಿಕಂದರ್ಪ. ಕೋಟೆಯಲ್ಲಿದ್ದ ಆ ಎರಡು ಕಲ್ಲುಗಳು ಈಗ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿವೆ. ಸ್ಥಾವರವೆಂದು ಕೆತ್ತಿದ ಪದ್ಯ ಸಮುದ್ರ ದಾಟಿಹೋಯಿತು. ಬಸದಿಯಲ್ಲಿ ತಾವರೆಯ ಕೆಳಗೆ ನಿಂತವನಿಗೆ ಅದನ್ನು ಓದಿಹೇಳುವ ಕಲ್ಲು ಇಲ್ಲ. ಬಾಯಿಮಾತೆಂದು ಹುಟ್ಟಿದ ವಚನಗಳಾದರೋ ಓಲೆಗರಿಗಳ ಕಟ್ಟುಗಳಲ್ಲಿ, ಮಠಗಳ ಗಂಟುಗಳಲ್ಲಿ ಸಿಕ್ಕಿಕೊಂಡು ಕುಳಿತಿದ್ದುವು. ವಿಜಾಪುರದಲ್ಲಿ ವಕೀಲರಾಗಿದ್ದ ಫ. ಗು. ಹಳಕಟ್ಟಿಯವರು ಹಳ್ಳಿಹಳ್ಳಿ ಅಲೆದು ಆ ಗಂಟುಗಳನ್ನು ಬಿಚ್ಚಿಸಿದರು. ಬಿಚ್ಚಿದ್ದನ್ನು ಹಾಗೆಯೇ ಬಿಡಲಿಲ್ಲ; ಸ್ಥಲ, ವಿಷಯಗಳಿಗೆ ತಕ್ಕಂತೆ ಮತ್ತೆ ಅಂಕಣ ಹಾಕಿ ಜೋಡಿಸಿದರು. ಅವರ ‘ವಚನಶಾಸ್ತ್ರಸಾರ’ದ ಮೊದಲ ಭಾಗ 1923ರಲ್ಲಿ ಅಚ್ಚಾದದ್ದು ಇದೇ ಬೆಳಗಾವಿಯಲ್ಲಿ, ಮಹಾವೀರ ಮುದ್ರಣಾಲಯದಲ್ಲಿ. ಮುಂದಿನ ಪುಸ್ತಕಗಳಿಗಾಗಿ ತಮ್ಮದೇ ಮುದ್ರಣಾಲಯ ಬೇಕೆನಿಸಿದಾಗ ಹಳಕಟ್ಟಿಯವರು ತಾವಿದ್ದ ಮನೆಯನ್ನು ಮಾರಿ ಯಂತ್ರ ತರಿಸಿದರು. ಆಮೇಲೆ ಬಹುಕಾಲ ಅವರು ಬಾಡಿಗೆಯ ಮನೆಯಲ್ಲಿದ್ದರು.